ರೀಲಿನಂಚಿನ ಬೂಷ್ಟು

“ಮುಟ್ಟಬೇಡ ಅಂದೆ!”

ಕಾರ್ಯದರ್ಶಿಯ ಮರದ ರೂಲರು ಮೇಜಿಗೆ ಅಪ್ಪಳಿಸಿತು. ನನ್ನ ಬೆರಳಿಗೂ ಅದಕ್ಕೂ ನಡುವೆ ಅರ್ಧ ಅಂಗುಲವೂ ಇರಲಿಲ್ಲ. ನಾನು ಕೈ ಹಿಂದಕ್ಕೆ ತೆಗೆಯಲಿಲ್ಲ. ಕ್ಯಾಸೆಟ್ಟಿನ ಮೊದಲನೇ ಸ್ಕ್ರೂ ಆಗಲೇ ಮೇಲಕ್ಕೆದ್ದಿತ್ತು.

“ಮುಟ್ಟಿ ಆಯ್ತು ಸಾರ್. ಈಗೇನ್ ಮಾಡೋಣ ಹೇಳಿ.”

“ಅದು ಸಂಘದ ಸಾಕ್ಷಿ ಕಣಯ್ಯಾ! ಯಾರೂ ಮುಟ್ಟೋ ಹಾಗಿಲ್ಲ!”

“ಸಾಕ್ಷಿ ಅಂತೀರಿ, ಬಾಯಿ ಬಿಡಿಸೋಕೂ ಬಿಡಲ್ಲ. ಇದೇನ್ ಸಾಕ್ಷೀನೋ ಮದುಮಗಳೋ?”

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಕಾರ್ಯದರ್ಶಿ ತಿರುಗಿ ನೋಡಿದ ಕೂಡಲೇ ಆ ನಗು ಕೆಮ್ಮಾಯಿತು.

ಅಕ್ಕ ಹಿಂದಿನಿಂದ ನನ್ನ ಅಂಗಿ ಜಗ್ಗಿದಳು. “ಪಟಾಕಿ, ನಿಧಾನ ಕಣೋ. ಸಿಟ್ಟಲ್ಲಿ ಕೈ ಜಾರಿದ್ರೆ ಟೇಪು ಹರಿಯುತ್ತೆ.”

ಮನೆಯಲ್ಲೂ ಈ ಕಟ್ಟಡದಲ್ಲೂ ನನ್ನ ಹೆಸರು ಪಟಾಕಿ. ಏಳನೇ ಕ್ಲಾಸಿನಲ್ಲಿ ಮೇಷ್ಟರ ಡಸ್ಟರನ್ನು ಕಿಟಕಿಯಾಚೆ ಎಸೆದು, ಅದರ ಹಿಂದೆಯೇ ಹೊರಬಿದ್ದವನು ನಾನು. ತಿರುಗಿ ಹೋಗಲಿಲ್ಲ. ತಲೆಗೆ ಹತ್ತದವನಿಗೆ ಕೈಗಾದರೂ ಹತ್ತಲಿ ಎಂದು ಸೋದರಮಾವ ಒಂದು ಸ್ಕ್ರೂಡ್ರೈವರು ಕೊಟ್ಟು ಪಕ್ಕದಲ್ಲಿ ಕೂರಿಸಿಕೊಂಡ. ಅಪ್ಪ ಅಮ್ಮ ಇಲ್ಲದ ನನ್ನನ್ನೂ ಅಕ್ಕನನ್ನೂ ಸಾಕಿದವನು ಅವನೇ.

ಆ ಮಾವ ಕಳ್ಳನಂತೆ! ಭಾನುವಾರದ ಪ್ರದರ್ಶನದಲ್ಲಿ ಹಲ್ಲಿನ ಡಾಕ್ಟರ ಜಪಾನಿ ಕ್ಯಾಸೆಟ್ಟು ಎಂಟು ನಿಮಿಷ ಕಡಿಮೆ ಓಡಿದಾಗಿನಿಂದ ಮೂರು ದಿನ ಇಡೀ ವಿಡಿಯೋ ಕ್ಯಾಸೆಟ್ಟು ಸಂಘಕ್ಕೆ ಇದೇ ಜಪ.

ಎಂಟು ನಿಮಿಷ ಏನು ಮಹಾ ಅನ್ನಬಹುದು. ಕ್ಯಾಸೆಟ್ಟು ಕೂಡಿಡುವವರೆದುರು ಅಂದು ನೋಡಿ, ಮೈಮೇಲೆ ಬರುತ್ತಾರೆ. ಈ ಸಿನಿಮಾ ಥಿಯೇಟರು ಕಂಡದ್ದಿಲ್ಲ, ಡಿಸ್ಕಿಗೆ ಇಳಿದದ್ದಿಲ್ಲ. ಜಪಾನಿನಲ್ಲಿ ನೇರ ಕ್ಯಾಸೆಟ್ಟಿಗೆಂದೇ ತೆಗೆದ ದೆವ್ವದ ಕಥೆ. ನಮ್ಮವರು ಅದನ್ನು ‘ಹನ್ನೊಂದನೇ ಮಹಡಿ’ ಅನ್ನುತ್ತಾರೆ. ಅದರಲ್ಲಿ ಎರಡು ಬಗೆ. ಅಂಗಡಿಯಲ್ಲಿ ಮಾರಿದ್ದು ಒಂದು, ಬಾಡಿಗೆಗೆ ಬಿಟ್ಟದ್ದು ಇನ್ನೊಂದು. ಬಾಡಿಗೆಯದರಲ್ಲಿ ಕಥೆ ಮುಗಿದ ಮೇಲೂ ಎಂಟು ನಿಮಿಷ ಏನೋ ಇದೆಯಂತೆ. ಏನದು? ನಮ್ಮಲ್ಲಿ ಕಂಡವರಿಲ್ಲ. ಕಂಡವರನ್ನು ಕಂಡವರೂ ಇಲ್ಲ.

ಹಲ್ಲಿನ ಡಾಕ್ಟರು ಎಲ್ಲಿಂದಲೋ ಬಾಡಿಗೆಯದನ್ನು ತರಿಸಿದರು. ಮಾವ ನೋಡಿ ‘ಅಸಲಿ’ ಎಂದು ಪತ್ರ ಬರೆದುಕೊಟ್ಟ. ಎಂಟು ದಿನದ ಮೇಲೆ ಎಲ್ಲರೆದುರು ಓಡಿಸಿದರೆ, ಬಂದದ್ದು ಮಾರಾಟದ ಸಿನಿಮಾ.

ಇವತ್ತು ನಾಲ್ಕು ಗಂಟೆಗೆ ಕಾರ್ಯದರ್ಶಿ ನಡಾವಳಿ ಪುಸ್ತಕದಲ್ಲಿ ಒಂದು ಸಾಲು ಬರೆಯುತ್ತಾರೆ. ಮಾವ ಮೂವತ್ತು ವರ್ಷದಲ್ಲಿ ಬರೆದ ಪತ್ರಗಳೆಲ್ಲ ರದ್ದು. ಅಷ್ಟೇ. ಒಂದೇ ಸಾಲು. ಆಮೇಲೆ ಮಾವನ ಮಾತಿಗೆ ಕೆಟ್ಟುಹೋದ ಕ್ಯಾಸೆಟ್ಟಿನ ಬೆಲೆಯೂ ಇರುವುದಿಲ್ಲ. ಗೋಡೆ ಗಡಿಯಾರದಲ್ಲಿ ಮೂರೂ ಕಾಲು.

“ಡಾಕ್ಟ್ರೇ, ಮಾವನ ಪತ್ರ ನಿಮ್ಮ ಜೇಬಲ್ಲೇ ಇದೆಯಲ್ಲ. ಮೂರನೇ ಸಾಲಿಂದ ಓದಿ.”

ಹಲ್ಲಿನ ಡಾಕ್ಟರು ಕನ್ನಡಕ ಏರಿಸಿದರು. ತೆಳ್ಳನೆಯ ಮನುಷ್ಯ, ಮಾತಾಡುವಾಗ ಎದುರಿನವರ ಬಾಯಿ ನೋಡುತ್ತಾರೆ, ಕಣ್ಣು ನೋಡುವುದಿಲ್ಲ.

“‘ರೀಲಿನ ಅಂಚಿನಲ್ಲಿ ಹೆಬ್ಬೆರಳುಗುರಿನಷ್ಟು ಬಿಳಿ ಬೂಷ್ಟು ಇದೆ. ಆದ್ದರಿಂದ ಓಡಿಸಿಲ್ಲ. ಶುಚಿ ಮಾಡದೆ ಯಾರೂ ಓಡಿಸಬಾರದು. ಸುತ್ತಿನ ದಪ್ಪ ಅಳೆದಿದ್ದೇನೆ. ಮಾರಾಟದ್ದಕ್ಕಿಂತ ಒಂದೂವರೆ ಮಿಲಿಮೀಟರು ಹೆಚ್ಚು.’” ಪತ್ರವನ್ನು ಮೇಜಿನ ಮೇಲೆ ಬಿಸಾಕಿದರು. “ಓಡಿಸೋ ಮುಂಚೆ ಎಲ್ರೂ ನೋಡಿದ್ವಿ, ಬೂಷ್ಟೆಲ್ಲಿದೆ? ದಪ್ಪ ಎಲ್ಲಿದೆ? ಓಡಿಸದೇ ಪತ್ರ ಬರೆದ್ರೆ ಇನ್ನೇನಾಗುತ್ತೆ? ನಿಮ್ಮ ಮಾವನಿಗೆ ಒಂದೋ ಕಣ್ಣಿಲ್ಲ, ಇಲ್ಲ ಮನಸ್ಸಾಕ್ಷಿ ಇಲ್ಲ.”

“ಕಣ್ಣಿನ ಮಾತಾ? ನೀವು ನೋಡಿದ್ರಾ ಆ ರೀಲು? ಪಾರ್ಸಲ್ ಬಂದಾಗ? ಮಾವನ ಹತ್ರ ತರೋ ಮುಂಚೆ? ಮನೆಗೆ ತಗೊಂಡ್ ಹೋದ ಮೇಲೆ?”

“ನಾನು ಕವರಿಂದ ಆಚೆ ತೆಗೆಯೋನಲ್ಲ. ಕವರಿನ ಅಂಚು ಸವೆದ್ರೆ ಮುಗೀತು.”

“ಬಾಯಿ ಬಿಡಿಸದೇನೇ ಹಲ್ಲು ಕೀಳೋರು ನೀವು!”

ಈ ಸಲ ಕೆಮ್ಮಾಗಲಿಲ್ಲ, ಮುಕ್ಕಾಲು ಸಭೆ ನಕ್ಕಿತು. ಡಾಕ್ಟರ ಕಿವಿ ಕೆಂಪಾಯಿತು. ನನಗೆ ನಗು ಬರಲಿಲ್ಲ. ಈ ಏಳು ಜನರಲ್ಲಿ ಒಬ್ಬೊಬ್ಬರೂ ಮಾವನ ಸ್ಟೂಲಿನ ಮೇಲೆ ಕೂತು, ಮಾವನ ಚಹಾ ಕುಡಿದು, ‘ಅಣ್ಣಾ, ಇದು ಅಸಲೀನಾ?’ ಎಂದು ಹಲ್ಲು ಗಿಂಜಿದವರೇ. ಇವತ್ತು ಎತ್ತಿಗೆ ಜ್ವರ ಬಂದಿದೆ ಎಂದು ಎಮ್ಮೆಗೆ ಬರೆ ಹಾಕಲು ಸಾಲಾಗಿ ಕೂತಿದ್ದಾರೆ.

ಐದನೇ ಸ್ಕ್ರೂ ಬಂತು. ಐದನ್ನೂ ಬಿಳಿ ಕಾಗದದ ಮೇಲೆ, ಇದ್ದ ಜಾಗದ ಪ್ರಕಾರವೇ ಜೋಡಿಸಿಟ್ಟೆ. ಕ್ಯಾಸೆಟ್ಟಿನ ಡಬ್ಬಿಗೆ ಅಂಟಿಸಿದ್ದ ಜಪಾನಿ ಚೀಟಿಯನ್ನು ತೋರಿಸಿ ಅಕ್ಕನಿಗೆ ಹೇಳಿದೆ, “ಇವರಿಗೆ ಓದಿ ಹೇಳು.”

ಅಕ್ಕ ಜಪಾನಿ ಕಲಿತದ್ದು ಕ್ಯಾಸೆಟ್ಟಿನ ಬೆನ್ನಿನಿಂದ. ಮಾವ ನೋಡುತ್ತಾನೆ, ಅಕ್ಕ ಓದುತ್ತಾಳೆ, ನಾನು ಬಿಚ್ಚುತ್ತೇನೆ. ನಮ್ಮ ಅಂಗಡಿ ನಡೆಯುವುದು ಹಾಗೆ.

“ಬಾಡಿಗೆಗೆ ಮಾತ್ರ, ಮಾರಾಟಕ್ಕಲ್ಲ,” ಎಂದಳು. ದನಿ ಸಣ್ಣದಾಗಿತ್ತು. “ಚೀಟಿ ಅಸಲಿ. ಡಬ್ಬಿಯೂ ಅಸಲಿ.”

“ಡಬ್ಬಿ ಅಸಲಿ ಅಂತ ನಾವೂ ಒಪ್ತೀವಮ್ಮಾ,” ಎಂದರು ಕಾರ್ಯದರ್ಶಿ. “ಒಳಗಿರೋದಲ್ವಾ ಮಾತು?”

ಮೇಲಿನ ಅರ್ಧ ಎತ್ತಿದೆ. ಒಳಗೆ ಎರಡು ರೀಲು, ಕಪ್ಪಗೆ, ತೊಳೆದಿಟ್ಟಂತೆ ಶುಚಿಯಾಗಿದ್ದವು. ಒಂದು ಚುಕ್ಕೆ ಬಿಳಿ ಇಲ್ಲ. ಡಾಕ್ಟರು ‘ನೋಡಿದ್ರಾ’ ಎನ್ನುವಂತೆ ಕೈ ಚಾಚಿದರು.

ನಾನು ರೀಲುಗಳನ್ನು ಎತ್ತಿ ಪಕ್ಕಕ್ಕಿಟ್ಟೆ. ಖಾಲಿ ಡಬ್ಬಿಯನ್ನು ಕಿಟಕಿಯ ಬೆಳಕಿಗೆ ಓರೆಯಾಗಿ ಹಿಡಿದೆ.

“ಈಗ ನೋಡಿ ಡಾಕ್ಟ್ರೇ. ದಿನಾ ಬಾಯೊಳಗೆ ಇಣುಕೋ ಗಾಜು ಇದೆಯಲ್ಲ, ಅದನ್ನ ಹಾಕ್ಕೊಂಡೇ ನೋಡಿ.”

ಅವರ ಕನ್ನಡಕಕ್ಕೆ ಸಿಕ್ಕಿಸುವ ಸಣ್ಣ ದುರ್ಬೀನು ಯಾವಾಗಲೂ ಜೇಬಿನಲ್ಲಿರುತ್ತದೆ. ಸಿಕ್ಕಿಸಿ ಬಗ್ಗಿದರು. ತುಂಬ ಹೊತ್ತು ಏಳಲಿಲ್ಲ.

ಡಬ್ಬಿಯ ತಳದಲ್ಲಿ, ರೀಲು ತಿರುಗುವ ಜಾಡಿನಲ್ಲಿ, ಅರ್ಧಚಂದ್ರದ ಹಾಗೆ ಒಂದು ಬಿಳಿ ಗೆರೆ ಇತ್ತು. ಹಿಟ್ಟಿನಂಥದ್ದು. ಮೂಲೆಯಲ್ಲಿ ಒಂದು ಚಿಟಿಕೆ ಉದುರಿ ಬಿದ್ದಿತ್ತು.

“ನೀನೇ ಉದುರಿಸಿದ್ರೆ?” ಎಂದರು ಕಾರ್ಯದರ್ಶಿ.

“ಹದಿನಾಲ್ಕು ಕಣ್ಣಿನ ಮುಂದೆ ಬಿಚ್ಚಿದೀನಿ ಸಾರ್. ತೋಳು ಮಡಚಿದೀನಿ, ನೋಡಿ. ನಾನೇನ್ ಜಾದೂಗಾರನಾ?”

ಡಾಕ್ಟರು ತಲೆ ಎತ್ತಿದರು. ಮೊದಲ ಸಲ ನನ್ನ ಕಣ್ಣು ನೋಡಿ ಮಾತಾಡಿದರು. “ಬೂಷ್ಟೇ. ಉಜ್ಜಿ ಉಜ್ಜಿ ಹತ್ತಿರೋದು. ಈಗ ತಾನೇ ಉದುರಿಸಿದ್ದಲ್ಲ.”

“ಅಂದ್ರೆ ಬೂಷ್ಟಿದ್ದ ರೀಲು ಇದೇ ಡಬ್ಬೀಲಿತ್ತು. ಮಾವ ಕಂಡದ್ದನ್ನ ಬರೆದ. ಆಮೇಲೆ ಯಾವನೋ ಅದನ್ನ ತೆಗೆದು, ಮಾರಾಟದ ರೀಲನ್ನ ಒಳಗಿಟ್ಟ. ಸಾರ್, ಪುಸ್ತಕ ತೆಗೀರಿ. ಮಾವನ ಪತ್ರ ನಿಜ ಅಂತ ಬರೀರಿ. ಈಗಲೇ!”

ಕಾರ್ಯದರ್ಶಿ ಪುಸ್ತಕ ತೆಗೆದರು. ಪೆನ್ನಿನ ಮುಚ್ಚಳ ಮಾತ್ರ ತೆಗೆಯಲಿಲ್ಲ. ಮೂವತ್ತು ವರ್ಷ ಯಾವುದೋ ಆಫೀಸಿನಲ್ಲಿ ಕಡತ ಕಟ್ಟಿದ ಮನುಷ್ಯ. ಅವರಿಗೆ ಅರ್ಧ ಸತ್ಯವೂ ಪೂರ್ತಿ ಸುಳ್ಳೂ ಒಂದೇ.

“ಬದಲಾಗಿದೆ, ಒಪ್ಪಿದೆ. ಯಾರು ಬದಲಾಯಿಸಿದ್ದು? ನಿಮ್ಮ ಮಾವ ಅಸಲೀನ ನೋಡಿ, ಸರಿಯಾಗೇ ಪತ್ರ ಬರೆದು, ಆಮೇಲೆ ತಾನೇ ಬದಲಾಯಿಸಿರಬಹುದಲ್ಲ? ಹೆಸರು ಸಿಗದೆ ನಾನು ಈ ಪುಸ್ತಕ ಮುಚ್ಚಲ್ಲ ಪಟಾಕಿ. ನಾಲ್ಕಕ್ಕೆ ಒಂದು ಹೆಸರು ಬರೀತೀನಿ. ಬೇರೆ ಸಿಗದಿದ್ರೆ ಇರೋದೇ, ನಿಮ್ಮ ಮಾವಂದು.”

ಆ ರೂಲರನ್ನು ಎತ್ತಿ ಮುರಿಯುತ್ತಿದ್ದೆನೇನೋ, ಅಕ್ಕ ಮಣಿಕಟ್ಟು ಹಿಡಿದಿದ್ದಳು. ಅವಳ ಕೈ ತಣ್ಣಗಿತ್ತು.

“ಬಿಡು. ಮನೆಗೆ ಹೋಗೋಣ,” ಎಂದಳು ಕಿವಿಯಲ್ಲಿ. “ಬದಲಾಗಿದೆ ಅಂತ ಒಪ್ಪಿದ್ರಲ್ಲ, ಸಾಕು.”

“ಸಾಕಾ? ಮಾವ ಮೂರು ದಿನದಿಂದ ಪೆನ್ನು ಮುಟ್ಟಿಲ್ಲ. ನಿನಗೆ ಸಾಕಾ?”

ಅವಳು ಕೈ ಬಿಟ್ಟಳು.

ನಾನು ಸಭೆಗೆ ತಿರುಗಿದೆ. “ಯಾರು ಅಂತ ನನಗೆ ಗೊತ್ತಿಲ್ಲ. ಆದ್ರೆ ಎಂಥೋನು ಅಂತ ಗೊತ್ತು. ಅವನು ನಮ್ಮೋನೇ. ಈ ಹುಚ್ಚು ಹತ್ತಿದೋನು. ಬರೀ ಕಳ್ಳ ಆಗಿದ್ರೆ ರೀಲನ್ನ ಹಾಗೇ ಎಲ್ಲಾದ್ರೂ ಸಾಗಿಸ್ತಿದ್ದ. ನಮ್ಮೋನ ಕೈಗೆ ಯಾರೂ ನೋಡಿರದ ಎಂಟು ನಿಮಿಷ ಸಿಕ್ಕರೆ ಸುಮ್ನಿರ್ತಾನಾ? ಶುಚಿ ಮಾಡೋಕೆ ಎರಡು ದಿನ ಬೇಕು. ಅಷ್ಟು ತಾಳ್ಮೆ ಇದೆಯಾ ನಿಮ್ಮಲ್ಲಿ ಒಬ್ಬರಿಗಾದ್ರೂ? ಇದ್ರೆ ಕೈ ಎತ್ತಿ.”

ಒಂದೂ ಕೈ ಏಳಲಿಲ್ಲ. ಒಬ್ಬರು ನೆಲ ನೋಡಿದರು. ಡಾಕ್ಟರಂತೂ ಎಂಜಲು ನುಂಗಿದರು.

“ಬೂಷ್ಟಿನ ರೀಲನ್ನ ಹಾಗೇ ಮಿಷನ್ನಿಗೆ ಹಾಕಿದ್ರೆ ಏನಾಗುತ್ತೆ?”

“ಮಿಷನ್ನಿಗೂ ಹತ್ತುತ್ತೆ,” ಎಂದರು ಹಿಂದಿನಿಂದ ಒಬ್ಬರು.

“ಹತ್ತುತ್ತೆ. ಆಮೇಲೆ ಹೆಡ್ಡು ಒರೆಸ್ತಾರೆ, ರೋಲರು ಒರೆಸ್ತಾರೆ. ಟೇಪು ಹಾಯೋ ಕಂಬಗಳ ಬುಡ ಯಾರೂ ಒರೆಸಲ್ಲ. ಹತ್ತಿ ಕಡ್ಡಿ ಅಲ್ಲಿಗೆ ಹೋಗಲ್ಲ. ಈಗ ಹೇಳಿ, ಈ ಊರಲ್ಲಿ ಜಪಾನಿನ ಟೇಪು ಸರಿಯಾಗಿ ಓಡಿಸೋ ಮಿಷನ್ ಎಷ್ಟಿವೆ? ಬೇರೆದಕ್ಕೆ ಹಾಕಿದ್ರೆ ಬರೀ ಗೆರೆ.”

“ಮೂರು,” ಎಂದರು ಕಾರ್ಯದರ್ಶಿ. ಅವರ ಬೆರಳು ಪೆನ್ನಿನ ಮುಚ್ಚಳದ ಮೇಲೆ ಬಂತು.

ಎರಡು ಅಲ್ಲೇ ಗೋಡೆಗೆ ಒರಗಿ ಕೂತಿದ್ದವು. ಒಂದು ಸಂಘದ್ದು. ಇನ್ನೊಂದು ಡಾಕ್ಟರದು, ಪ್ರದರ್ಶನಕ್ಕೆಂದು ಮನೆಯಿಂದ ತಂದಿಟ್ಟದ್ದು.

“ನನ್ನ ಮಿಷನ್ನು ಯಾಕೆ ಬಿಚ್ಚಬೇಕು?” ಡಾಕ್ಟರು ಎದ್ದೇ ನಿಂತರು. “ಕ್ಯಾಸೆಟ್ಟು ನಂದು. ನಂದನ್ನ ನಾನೇ ಕದೀತೀನಾ?”

“ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಕೊಂಡ್ರಂತೆ. ನಾನು ನಿಮ್ಮ ಹೆಸರು ಎತ್ತಿದ್ನಾ?”

“ಬಿಚ್ಚಯ್ಯಾ!” ಎಂದು ಕಿರುಚಿದರು. “ಮೊದಲು ನಂದೇ ಬಿಚ್ಚು!”

ಬಿಚ್ಚಿದೆ. ಪೆನ್ನಿನಂಥ ಟಾರ್ಚು ಬಾಯಲ್ಲಿ ಕಚ್ಚಿಕೊಂಡು, ನನ್ನ ಭೂತಗನ್ನಡಿಯ ಗಾಜನ್ನು ಕಂಬಗಳ ಬುಡಕ್ಕೆ ಇಟ್ಟು ನೋಡಿದೆ. ಎಣ್ಣೆ ಇದ್ದ ಕಡೆ ಎಣ್ಣೆ, ಹೊಳಪಿದ್ದ ಕಡೆ ಹೊಳಪು. ರೋಗಿಗಳ ಬಾಯನ್ನು ಇಷ್ಟು ಶುಚಿಯಾಗಿ ಇಟ್ಟರೆ ಇವರ ದವಾಖಾನೆ ಮುಚ್ಚಬೇಕಾಗುತ್ತದೆ.

“ಇಲ್ಲ,” ಎಂದೆ. ಹಲ್ಲು ಕಚ್ಚಿಕೊಂಡೇ ಹೇಳಿದ್ದು. ಇವರೇ ಎಂದು ನನ್ನ ಮನಸ್ಸು ಮೂರು ದಿನದಿಂದ ಹೇಳುತ್ತಿತ್ತು.

ಸಂಘದ್ದನ್ನು ಬಿಚ್ಚಿದೆ. ಧೂಳು, ಬಿಸ್ಕತ್ತಿನ ಪುಡಿ, ಒಂದು ಸತ್ತ ಇರುವೆ. ಬೂಷ್ಟಿಲ್ಲ.

“ಇಲ್ಲ.”

“ಮೂರನೇದು?” ಡಾಕ್ಟರ ದನಿ ಈಗ ಮೆತ್ತಗಿತ್ತು. ಆ ಮೆತ್ತಗಿನ ದನಿಯಲ್ಲೇ ಅವರು ಸೂಜಿ ಚುಚ್ಚುತ್ತಾರಂತೆ.

“ಮೂರನೇದು ನಮ್ಮದು.”

“ಅದೇ ಕೇಳ್ತಿರೋದು. ಪ್ರದರ್ಶನಕ್ಕೆ ಎಂಟು ದಿನ ಮುಂಚೆ, ಶನಿವಾರ ಸಂಜೆ ಪತ್ರ ಬರೆದ್ರು. ನಾನು ತಗೊಂಡ್ ಹೋದದ್ದು ಮಾರನೇ ದಿನ ಬೆಳಿಗ್ಗೆ. ಒಂದು ರಾತ್ರಿ ಎಲ್ಲಿತ್ತು ಅದು?”

“ನಮ್ಮ ಅಂಗಡೀಲಿ.” ನನಗೆ ನಗು ಬಂತು, ಸಿಟ್ಟಿನ ನಗು. “ಬನ್ನಿ ಡಾಕ್ಟ್ರೇ. ಎಲ್ರೂ ಬನ್ನಿ. ನಂದನ್ನೂ ಬಿಚ್ಚಿ ತೋರಿಸ್ತೀನಿ. ಆಮೇಲೆ ಒಬ್ಬೊಬ್ಬರೂ ಮಾವನ ಕಾಲು ಹಿಡೀಬೇಕು, ನೆನಪಿರಲಿ.”

ಅಂಗಡಿ ಅದೇ ಕಟ್ಟಡದ ಕೆಳಗೆ. ನಾನು ಎರಡೆರಡು ಮೆಟ್ಟಿಲು ಹಾರಿ ಇಳಿದೆ. ಹಿಂದೆ ಚಪ್ಪಲಿಗಳ ಸದ್ದು, ಕಾರ್ಯದರ್ಶಿಯ ಉಬ್ಬಸ. ಅಕ್ಕ ಎಲ್ಲರಿಗಿಂತ ಕೊನೆಗೆ ಬಂದಳು.

ಮಾವ ತನ್ನ ಜಾಗದಲ್ಲಿ ಕೂತಿದ್ದ. ಮುಂದೆ ಖಾಲಿ ಕಾಗದ, ಪಕ್ಕದಲ್ಲಿ ಸ್ಟೀಲಿನ ಅಳತೆಪಟ್ಟಿ. ಇಷ್ಟು ಜನ ಒಳನುಗ್ಗಿದ್ದು ಕಂಡು ಒಬ್ಬೊಬ್ಬರನ್ನೇ ನೋಡಿದ.

“ಎಲ್ರೂ ಬಂದ್ರಾ? ಇರೋದು ಒಂದೇ ಸ್ಟೂಲು. ಯಾರಿಗೆ ಮಂಡಿನೋವು ಜಾಸ್ತಿಯೋ ಅವರು ಕೂರಿ.”

ಕಾರ್ಯದರ್ಶಿ ಕೂರಲು ಹೋಗಿ, ನಾಚಿಕೊಂಡು ನಿಂತರು.

“ಮಾವ, ಬೂಷ್ಟು ಸಿಕ್ತು,” ಎಂದೆ. “ಡಬ್ಬೀಲಿ. ನೀನು ಬರೆದದ್ದು ನಿಜ ಅಂತ ಒಪ್ಪಿದಾರೆ. ಇನ್ನು ನಮ್ಮ ಮಿಷನ್ನೊಂದು ತೋರಿಸಿಬಿಟ್ರೆ ಮುಗೀತು.”

ಮಾವನ ಮುಖ ಅರಳುತ್ತದೆ ಎಂದುಕೊಂಡಿದ್ದೆ. ಅವನು ಅಳತೆಪಟ್ಟಿಯನ್ನು ಎತ್ತಿ, ಮತ್ತೆ ಅಲ್ಲೇ ಇಟ್ಟ. “ನಮ್ಮದನ್ನ ಯಾಕೋ ಬಿಚ್ತೀಯ?”

“ಅವರು ಕೇಳಿದ್ರು. ಕೇಳಲಿ ಬಿಡು, ನಮಗೇನ್ ಭಯ?”

ಮೇಲ್ಮುಚ್ಚಳ ಬಿಚ್ಚಿದೆ. ಈ ಮಿಷನ್ನನ್ನು ನಾನು ಕಣ್ಣುಮುಚ್ಚಿ ಬಿಚ್ಚಬಲ್ಲೆ, ಕಣ್ಣುಮುಚ್ಚಿ ಜೋಡಿಸಬಲ್ಲೆ. ಟಾರ್ಚು ಕಚ್ಚಿಕೊಂಡು ಬಗ್ಗಿದೆ. ಗಾಜು ಇಟ್ಟೆ.

ಎಡಗಡೆಯ ಎರಡನೇ ಕಂಬ.

ಬುಡದಲ್ಲಿ ಉಂಗುರದ ಹಾಗೆ ಬಿಳಿ.

ಗಾಜು ಒರೆಸಿ ಮತ್ತೆ ನೋಡಿದೆ. ಬಲಗಡೆಯ ಕಂಬ ನೋಡಿದೆ. ಅಲ್ಲೂ ಇತ್ತು. ಹಿಟ್ಟಿನಂಥದ್ದು, ಹಳೇ ಒದ್ದೆ ಬಟ್ಟೆಯ ವಾಸನೆ. ಹೋದ ತಿಂಗಳಷ್ಟೇ ನಾನೇ ಈ ಕಂಬಗಳನ್ನು ಕಳಚಿ, ಸ್ಪಿರಿಟ್ಟಿನಲ್ಲಿ ಅದ್ದಿ, ಮತ್ತೆ ಕೂರಿಸಿದ್ದೆ. ಅಲ್ಲಿಂದೀಚೆಗೆ ಅಂಗಡಿಗೆ ಬೂಷ್ಟಿನ ಕ್ಯಾಸೆಟ್ಟು ಬಂದದ್ದು ಡಾಕ್ಟರದೊಂದೇ.

ನನ್ನ ಬೆನ್ನು ಎಲ್ಲರಿಗೂ ಅಡ್ಡವಿತ್ತು. ನಾನು ನೋಡುತ್ತಿದ್ದುದು ಇನ್ನೊಬ್ಬರಿಗೆ ಕಾಣುವಂತಿರಲಿಲ್ಲ. ಮೇಜಿನ ಮೇಲೆ ಸಣ್ಣ ಕುಂಚ ಇತ್ತು, ಸ್ಪಿರಿಟ್ಟಿನ ಬಾಟಲಿ ಇತ್ತು. ಎರಡು ಸುತ್ತು ತಿರುಗಿಸಿದರೆ ಸಾಕು. ‘ಇಲ್ಲ’ ಎಂದು ಮೂರನೇ ಸಲ ಹೇಳಿದರೆ ಸಾಕು.

ಕೈ ಕುಂಚದವರೆಗೆ ಹೋಯಿತು.

“ಏನ್ ಕಾಣ್ತೋ?” ಎಂದ ಮಾವ. ಹದಿನಾಲ್ಕು ವರ್ಷದಿಂದ ದಿನಕ್ಕೆ ಹತ್ತು ಸಲ ಕೇಳುವ ದನಿಯಲ್ಲೇ ಕೇಳಿದ. ಏನಿರಬೇಕು ಎಂದು ಯಾವತ್ತೂ ಕೇಳಿದವನಲ್ಲ. ಏನು ಕಂಡಿತು ಎಂದೇ ಕೇಳಿದವನು.

ಇವತ್ತು ಈ ಬಾಯಲ್ಲಿ ಸುಳ್ಳು ಬಂದರೆ, ಮೇಲೆ ಬರೆಯಲಿರುವ ಆ ಒಂದು ಸಾಲು ನಿಜವಾಗುತ್ತದೆ. ಕಾರ್ಯದರ್ಶಿ ಬರೆಯಲಿ, ಬಿಡಲಿ. ಈ ಅಂಗಡಿಯ ಮಾತಿಗೆ ಬೆಲೆ ಇಲ್ಲ ಎಂದು ನಾನೇ ಮೊದಲು ಬರೆದಂತೆ.

ಟಾರ್ಚನ್ನು ಬಾಯಿಂದ ತೆಗೆದೆ.

“ಇದೆ,” ಎಂದೆ.

ಡಾಕ್ಟರು ನನ್ನನ್ನು ತಳ್ಳಿಕೊಂಡು ಬಂದು, ದುರ್ಬೀನು ಇಟ್ಟು ನೋಡಿದರು. ಗೆದ್ದವರ ಮುಖ ಹೇಗಿರುತ್ತದೆ ಎಂದು ನೋಡಲು ಕಾದೆ. ಅವರು ತಲೆ ಎತ್ತಿದಾಗ ಆ ಮುಖದಲ್ಲಿ ಗೆಲುವಿರಲಿಲ್ಲ, ಹೊಟ್ಟೆಕಿಚ್ಚು ಮಾತ್ರ ಇತ್ತು.

“ನೋಡಿದಾರೆ,” ಎಂದರು ಪಿಸುದನಿಯಲ್ಲಿ. “ಆ ಎಂಟು ನಿಮಿಷ ಇಲ್ಲಿ ಯಾರೋ ನೋಡಿದಾರೆ.”

“ಅಂಗಡಿ ಬೀಗದ ಕೈ ಯಾರ್ಯಾರ ಹತ್ರ ಇದೆ?” ಕಾರ್ಯದರ್ಶಿ ಕೇಳಿದ್ದು ನನ್ನನ್ನು.

“ಮೂರು ಜನರ ಹತ್ರ. ನನ್ನ ಹತ್ರ. ಮಾವನ ಹತ್ರ. ಅಕ್ಕನ...”

ಕೈಯಲ್ಲಿದ್ದ ಸ್ಕ್ರೂಡ್ರೈವರನ್ನು ಎಷ್ಟು ಗಟ್ಟಿಯಾಗಿ ಹಿಡಿದಿದ್ದೆನೆಂದರೆ ಅಂಗೈಗೆ ಅದರ ಗೀರು ಮೂಡಿತ್ತು. ಮೂರು ದಿನ ಊರವರ ಮೇಲೆಲ್ಲ ಕಾರಿದ ಬೆಂಕಿ ಈಗ ಎಲ್ಲಿ ಹೋಗಬೇಕೋ ತಿಳಿಯದೆ ನನ್ನ ಎದೆಯೊಳಗೇ ಸುತ್ತುತ್ತಿತ್ತು. ಯಾರೋ ಅಲ್ಲ. ನಮ್ಮ ಮನೆಯ ತಟ್ಟೆಯಲ್ಲಿ ಉಂಡವರು!

“ಯಾರು?” ಎಂದು ಕೂಗಿದೆ. ಗಾಜಿನ ಬೀರು ಅದುರಿತು. “ಯಾರು ಹಾಕಿದ್ದು?”

“ನಾನು,” ಎಂದ ಮಾವ.

“ನಾನು,” ಎಂದಳು ಅಕ್ಕ.

ಒಂದೇ ಉಸಿರಿಗೆ ಬಂದ ಎರಡು ದನಿ. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಇಬ್ಬರ ಮುಖದಲ್ಲೂ ಒಂದೇ ಅಚ್ಚರಿ. ಇನ್ನೊಬ್ಬರು ಹಾಗನ್ನುತ್ತಾರೆಂದು ಇಬ್ಬರೂ ಎಣಿಸಿರಲಿಲ್ಲ.

“ಸುಮ್ನಿರು ಮಗಾ,” ಎಂದ ಮಾವ.

“ನೀನ್ ಸುಮ್ನಿರು ಮಾವ,” ಎಂದಳು ಅಕ್ಕ.

ಕಾರ್ಯದರ್ಶಿ ಪುಸ್ತಕವನ್ನು ಮಾವನ ಖಾಲಿ ಕಾಗದದ ಮೇಲೆಯೇ ಬಿಡಿಸಿದರು. ಪೆನ್ನಿನ ಮುಚ್ಚಳ ತೆಗೆದರು. ನಾಲ್ಕಕ್ಕೆ ಎರಡು ನಿಮಿಷ. ಅವರು ಮಾವನನ್ನು ನೋಡಲಿಲ್ಲ, ಅಕ್ಕನನ್ನೂ ನೋಡಲಿಲ್ಲ.

“ಕಂಡದ್ದನ್ನ ಹೇಳೋನು ನೀನೊಬ್ಬ ಅಂತ ಈಗ ತಾನೇ ಗೊತ್ತಾಯ್ತು,” ಎಂದರು ನನಗೆ. “ಇವರಿಬ್ಬರಲ್ಲಿ ಒಬ್ಬರು ಸುಳ್ಳು ಹೇಳ್ತಿದಾರೆ. ಯಾರ ಹೆಸರು ಬರೀಲಿ ಪಟಾಕಿ?”